ಗೋಡೆಯ ಮೇಲಿನ ಕೈಗಳು

ಗಾಜಿನ ಮೇಸ್ತ್ರಿಯ ಮನೆ ಇನ್ನೇನು ಕಾಣಬೇಕು ಎನ್ನುವಾಗ ಪಕ್ಕದ ಸೀಟಿನಲ್ಲಿದ್ದ ತಮ್ಮ ಗಂಟಲು ಸರಿಮಾಡಿಕೊಂಡ.

"ಅಕ್ಕ, ಒಂದು ವಿಷಯ ಹೇಳ್ಲಾ? ಬೈಬಾರದು. ಹೊಗಳಬೇಕು."

"ಬೈಯೋದೋ ಹೊಗಳೋದೋ ಕೇಳಿದ ಮೇಲೆ ನೋಡೋಣ."

"ನಮ್ಮ ಚಿತ್ರದಲ್ಲಿ ಮೇಸ್ತ್ರಿ ಮಾತಾಡೋ ಕಡೆ ಒಂದು ತೂತಿತ್ತಲ್ಲ, ಅವರ ಕೈ ತೋರಿಸೋ ಶಾಟ್ ಮಸುಕಾಗಿದ್ದು? ಅದನ್ನ ಮುಚ್ಚಿಬಿಟ್ಟೆ. ಇನ್ನು ಭೂತಗನ್ನಡಿ ಹಿಡಿದು ಹುಡುಕಿದ್ರೂ ಹೊಲಿಗೆ ಸಿಗಲ್ಲ."

"ಯಾವುದು ಹಾಕಿ ಮುಚ್ಚಿದೆ? ಬೆಂಕಿಯದಾ?"

"ಬೆಂಕಿ ಎಲ್ಲರೂ ಹಾಕ್ತಾರೆ. ನಿನ್ನ ಡಿಸ್ಕಲ್ಲಿ 'ಕೈಗಳು' ಅಂತ ಒಂದು ಫೋಲ್ಡರ್ ಇತ್ತು ನೋಡು, ಅದರಿಂದ ಎತ್ತಿದೆ. ಎಂಥಾ ಶಾಟ್ ಅಕ್ಕ ಅದು! ಇಷ್ಟು ದಿನ ಯಾಕೆ ಬಚ್ಚಿಟ್ಟಿದ್ದೆ?"

ಅವಳ ಕಾಲು ತಾನಾಗಿಯೇ ಬ್ರೇಕಿನ ಮೇಲೆ ಹೋಯಿತು. ತಮ್ಮನ ಮಡಿಲಲ್ಲಿದ್ದ ಪ್ರೊಜೆಕ್ಟರ್ ಮುಂದಕ್ಕೆ ಜಾರಿತು. ಹಿಂದೆ ಬರುತ್ತಿದ್ದ ಲಾರಿಯವನು ಹಾರನ್ ಒತ್ತಿ, ಕಿಟಕಿಯಿಂದ ತಲೆ ಹಾಕಿ ಏನೋ ಬೈದು ಮುಂದೆ ಹೋದ. ಅವಳಿಗೆ ಅದು ಕೇಳಿಸಲಿಲ್ಲ.

"ಅದು ಮೇಸ್ತ್ರಿ ಕೈ ಅಲ್ಲ ಕಣೋ," ಎಂದಳು.

ತಮ್ಮ ನಕ್ಕ. ಆಮೇಲೆ ಅಕ್ಕನ ಮುಖ ನೋಡಿ ನಗು ನಿಲ್ಲಿಸಿದ.

ಅಕ್ಕ ಸಾಕ್ಷ್ಯಚಿತ್ರ ತೆಗೆಯುವವಳು. ಮದುವೆ ವಿಡಿಯೋದವನಿಗೆ ದೀಪ ಹಿಡಿಯುವ ಕೆಲಸದಿಂದ ಶುರು ಮಾಡಿ, ಯಾರೂ ಹೋಗದ ದಾರಿಗಳಲ್ಲಿ ಕ್ಯಾಮೆರಾ ಹೊತ್ತು ಅಲೆದು, ಬಸ್ ನಿಲ್ದಾಣದ ಬೆಂಚುಗಳ ಮೇಲೆ ಮಲಗಿ, ಈಗೀಗ ನಾಲ್ಕು ಜನ ಗುರುತಿಸುವ ಹಾಗಾಗಿದ್ದಳು. ಹಗ್ಗದ ಸೇತುವೆ ಹೆಣೆಯುವವರು, ಹಾಯಿ ಹೊಲಿಯುವ ಮುದುಕಿ, ಬೆಟ್ಟದ ಮೇಲೆ ಕುರಿ ಅಟ್ಟಿಕೊಂಡು ವರ್ಷಕ್ಕೊಮ್ಮೆ ಗಡಿ ದಾಟುವ ಕುಟುಂಬ, ಹೀಗೆ ಒಂದೊಂದು ಊರಿನ ಒಂದೊಂದು ಬದುಕು ಅವಳ ಚಿತ್ರ. ಚಾನೆಲ್ಲಿನವರು ಅವುಗಳಿಗೆಲ್ಲ 'ಕೊನೆಯ' ಎಂಬ ಮಾತು ಸೇರಿಸಿ ಹೆಸರಿಡುತ್ತಿದ್ದರು. ಕೊನೆಯ ಸೇತುವೆ, ಕೊನೆಯ ಹಾಯಿ. ಹಾಗಿದ್ದರೇ ಜನ ನೋಡುತ್ತಾರೆ ಎನ್ನುವುದು ಅವರ ನಂಬಿಕೆ. "ಅಕ್ಕ ಕಾಲಿಟ್ಟ ಕಡೆ ಇದ್ದವರೆಲ್ಲ ಕೊನೆಯವರಾಗಿಬಿಡ್ತಾರೆ, ನಮ್ಮನೆಗೆ ಮಾತ್ರ ಕ್ಯಾಮೆರಾ ತರಬೇಡಮ್ಮ," ಎಂದು ತಮ್ಮ ರೇಗಿಸುತ್ತಿದ್ದ. ಚಿತ್ರಗಳನ್ನು ಕತ್ತರಿಸಿ ಜೋಡಿಸುವವನು ಅವನೇ. ಅಕ್ಕ ಹೋದ ಯಾವ ಊರನ್ನೂ ಅವನು ಇವತ್ತಿನವರೆಗೆ ಕಂಡವನಲ್ಲ. ಅವನ ಲೋಕವೆಲ್ಲ ಕತ್ತಲೆ ಕೋಣೆಯ ಎರಡು ಪರದೆಗಳಲ್ಲಿತ್ತು.

ಅವಳದೊಂದು ಪದ್ಧತಿಯಿತ್ತು. ಚಿತ್ರ ಮುಗಿದ ಮೇಲೆ ಅದರೊಳಗೆ ಯಾರಿದ್ದಾರೋ ಅವರ ಮನೆಗೇ ಹೋಗಿ ಮೊದಲು ಅವರಿಗೆ ತೋರಿಸುವುದು. ಅವರು ಬೇಡ ಎಂದದ್ದನ್ನು ಮರುಮಾತಿಲ್ಲದೆ ತೆಗೆಯುವುದು. ಚಾನೆಲ್ಲಿನ ಅಧಿಕಾರಿಗೆ ಇದನ್ನು ಕಂಡರಾಗದು. ಬಾಯಿ ತೆರೆದರೆ ಗಡುವಿನ ಮಾತಾಡುವ ಆ ಮನುಷ್ಯನಿಗೆ ಅಕ್ಕತಮ್ಮ ಇಟ್ಟ ಹೆಸರು ಗಡಿಯಾರ. "ರೋಗಿಯನ್ನ ಕೇಳಿಕೊಂಡು ಯಾರಾದ್ರೂ ಆಪರೇಷನ್ ಮಾಡ್ತಾರೇನ್ರೀ?" ಎನ್ನುತ್ತಿದ್ದ. ಈ ಸಲವಂತೂ 'ಕೊನೆಯ ಗಾಜುಗಾರ'ದ ಜಾಹೀರಾತು ಆಗಲೇ ಓಡುತ್ತಿತ್ತು. ಸಂಜೆಯೊಳಗೆ ಅವಳು ಹೂಂ ಅನ್ನಬೇಕು, ಅಷ್ಟೇ ಬಾಕಿ.

'ಕೈಗಳು' ಫೋಲ್ಡರಿನ ಕತೆಯನ್ನು ಅವಳು ತಮ್ಮನಿಗೂ ಹೇಳಿರಲಿಲ್ಲ. ಚಿತ್ರೀಕರಣದ ದಿನಗಳಲ್ಲಿ ಒಂದು ಮಧ್ಯಾಹ್ನ ಮೇಸ್ತ್ರಿ ಮಲಗಿದ್ದರು. ಅವಳು ಮರೆತುಬಂದ ಲೆನ್ಸ್ ಮುಚ್ಚಳ ಹುಡುಕಿಕೊಂಡು ಕುಲುಮೆಯ ಶೆಡ್ಡಿಗೆ ಹೋದಾಗ ಮೇಸ್ತ್ರಿಯ ಮಗಳು ಊದುಕೊಳವೆ ಹಿಡಿದು ನಿಂತಿದ್ದಳು. ಬೆಳಿಗ್ಗೆ ಅಪ್ಪ ಮಾಡಿಟ್ಟ ಹೂಜಿಗಳೆಲ್ಲ ಚೂರಾಗಿ ಒಡಕಿನ ತೊಟ್ಟಿಯಲ್ಲಿ ಬಿದ್ದಿದ್ದವು. ಅವು ಇದ್ದ ಜಾಗದಲ್ಲಿ, ಗಾಜನ್ನು ನಿಧಾನಕ್ಕೆ ತಣಿಸುವ ಗೂಡಿನಲ್ಲಿ, ಮಗಳು ಊದಿದ ಹೂಜಿಗಳು ಸಾಲಾಗಿ ಕೂತಿದ್ದವು. ಬದುಕಿಡೀ ಬೆಂಕಿ ನೋಡಿ ಮೇಸ್ತ್ರಿಯ ಕಣ್ಣು ಹಾಳಾಗಿತ್ತು. ದೂರದ್ದು ಕಾಣುತ್ತಿತ್ತು, ಕೈಯೊಳಗಿನದು ಮಂಜು. ಅವರು ಮಾಡಿದ್ದೆಲ್ಲ ಓರೆಯಾಗುತ್ತಿತ್ತು. ಅದು ಅವರಿಗೆ ಗೊತ್ತಿರಲಿಲ್ಲ, ಏಕೆಂದರೆ ಮರುದಿನ ಗೂಡಿನಿಂದ ಹೊರಗೆ ಬರುತ್ತಿದ್ದದ್ದೆಲ್ಲ ನೆಟ್ಟಗಿರುತ್ತಿತ್ತು.

ಅದನ್ನು ಕಂಡದ್ದೇ ಅಕ್ಕನ ಕೈ ಕ್ಯಾಮೆರಾಕ್ಕೆ ಹೋಗಿತ್ತು. ಕೇಳದೆ ಚಿತ್ರ ತೆಗೆದೂಬಿಟ್ಟಿದ್ದಳು. ಮಗಳು ನೋಡಿದಾಗ ಬಿಳಿಚಿಕೊಂಡಿದ್ದಳು.

"ಅಕ್ಕ, ನಿಮ್ಮ ಕಾಲು ಹಿಡೀತೀನಿ. ಅಪ್ಪನಿಗೆ ಗೊತ್ತಾದ್ರೆ ಕುಲುಮೆ ಆರಿಸಿಬಿಡ್ತಾರೆ. ಅವರು ಹೇಳಿದ್ದು ನೀವೇ ಕೇಳಿದ್ರಲ್ಲ. 'ನನ್ನ ಕೈಯಿಂದ ಓರೆ ಬಂದ ದಿನ ನಾನೇ ಆರಿಸ್ತೀನಿ' ಅಂತ. ಅವರು ಆಡಿದ್ದು ಮಾಡೋ ಮನುಷ್ಯ."

ಕುಲುಮೆ ಒಮ್ಮೆ ಆರಿದರೆ ಒಳಗೆ ಗಾಜು ಕರಗಿಸುವ ಮಣ್ಣಿನ ಮಡಕೆ ಸೀಳಿಹೋಗುತ್ತದೆ. ಅಂಥದ್ದನ್ನು ಮಾಡಿಕೊಡುವವರು ಈಗ ಯಾರೂ ಉಳಿದಿಲ್ಲ. ಆರಿತು ಎಂದರೆ ಆರಿತು, ಮಗಳಿಗೆ ಬರುವ ಒಂದೇ ಕೆಲಸವೂ ಅದರ ಜೊತೆಗೇ. ಯಾರಿಗೂ ತೋರಿಸುವುದಿಲ್ಲ ಎಂದು ಅಕ್ಕ ಮಾತು ಕೊಟ್ಟಿದ್ದಳು. ಆದರೆ ಅಳಿಸಿರಲಿಲ್ಲ. ಅಷ್ಟು ಚೆಂದದ ಬೆಳಕು, ಅಷ್ಟು ಚೆಂದದ ಕೈಗಳು. ಈ ಕಸುಬಿನವರಿಗೆ ಅಂಥದ್ದನ್ನು ಅಳಿಸಲು ಮನಸ್ಸು ಬರುವುದಿಲ್ಲ. ಒಂದು ಮೂಲೆಯಲ್ಲಿ ಇದ್ದುಕೊಂಡಿರಲಿ ಎಂದುಕೊಳ್ಳುತ್ತಾರೆ.

ಇದನ್ನೆಲ್ಲ ತಮ್ಮನಿಗೆ ಅವಸರದಲ್ಲಿ ಹೇಳಿ, "ಈಗ ತೆಗೆಯೋಕಾಗಲ್ವಾ?" ಎಂದಳು.

"ಒಂದೇ ಫೈಲ್ ಮಾಡ್ಕೊಂಡು ಬಂದಿದೀನಿ. ಮೂಲ ಎಲ್ಲ ಮನೇಲಿದೆ." ತಮ್ಮ ಉಗುರು ಕಚ್ಚಿದ. "ಪ್ರೊಜೆಕ್ಟರ್ ಕೆಟ್ಟಿದೆ ಅನ್ನೋಣ?"

"ಲ್ಯಾಪ್‌ಟಾಪಲ್ಲೇ ತೋರಿಸಿ ಅಂತಾರೆ."

"ಅದೂ ಕೆಟ್ಟಿದೆ ಅನ್ನೋಣ. ಕಾರೂ ಕೆಟ್ಟಿದೆ, ನಾವು ಬಂದೇ ಇಲ್ಲ ಅನ್ನೋಣ."

"ಬಾಯಿ ಮುಚ್ಚು, ಯೋಚನೆ ಮಾಡೋಕೆ ಬಿಡು."

ಯೋಚಿಸಲು ಸಮಯವಿರಲಿಲ್ಲ. ಮೇಸ್ತ್ರಿ ಆಗಲೇ ಗೇಟಿನ ಹೊರಗೆ ಬಂದು, ಹಣೆಗೆ ಕೈ ಅಡ್ಡ ಇಟ್ಟುಕೊಂಡು, ರಸ್ತೆಯಲ್ಲಿ ನಿಂತುಬಿಟ್ಟ ಕಾರನ್ನು ನೋಡುತ್ತಿದ್ದರು. ಇಸ್ತ್ರಿ ಮಾಡಿದ ಅಂಗಿ ಹಾಕಿದ್ದರು.

"ಆ ಶಾಟ್ ಬರುವಾಗ ನೀನು ಎದ್ದು ಪ್ರೊಜೆಕ್ಟರ್ ಮುಂದೆ ಅಡ್ಡ ಬಾ," ಎಂದಳು ಅವಳು. "ನೀರು ಕುಡಿಯೋಕೆ ಹೋಗೋ ಹಾಗೆ. ಅಲ್ಲೇ ಎಡವು, ಏನಾದ್ರೂ ಮಾಡು. ಮುಗಿಯೋವರೆಗೂ ಅಲುಗಬೇಡ."

ಮನೆಯ ನಡುಕೋಣೆಯಲ್ಲಿ ಕಿಟಕಿಗಳಿಗೆ ಕಂಬಳಿ ಹೊದಿಸಿ ಕತ್ತಲು ಮಾಡಿದ್ದರು. ಸುಣ್ಣ ಬಳಿದ ಖಾಲಿ ಗೋಡೆಯ ಎದುರು ಕುರ್ಚಿಗಳು. ಪಕ್ಕದ ಬಾಗಿಲಿನಾಚೆ ಕುಲುಮೆಯ ಶೆಡ್. ಅಲ್ಲಿಂದ, ಬೆಂಕಿ ಆರದಂತೆ ಊದುವ ಗಾಳಿಯಂತ್ರದ ಗುಂಯ್ ಎಂಬ ಸದ್ದು ಬಿಡದೆ ಬರುತ್ತಿತ್ತು. ಆ ಮನೆಯವರಿಗೆ ಅದು ತಮ್ಮ ಉಸಿರಾಟದಷ್ಟೇ ಸಹಜ, ಅವರ ಕಿವಿಗೆ ಬೀಳುತ್ತಲೇ ಇರಲಿಲ್ಲ.

"ಇವನೇನಾ ನಿನ್ನ ತಮ್ಮ, ನಮ್ಮನ್ನೆಲ್ಲ ಕತ್ತರಿಸೋನು?" ಎಂದರು ಮೇಸ್ತ್ರಿ. "ನನ್ನ ಮೂಗು ಕತ್ತರಿಸಿಲ್ಲ ತಾನೆ?"

"ಕತ್ತರಿಸಿದ್ರೆ ಒಳ್ಳೇದೇ ಆಗ್ತಿತ್ತು," ಎಂದರು ಅವರ ಹೆಂಡತಿ, ಟೀ ಲೋಟಗಳನ್ನು ಹಂಚುತ್ತ. "ಬೆಳಗ್ಗೆಯಿಂದ ಕನ್ನಡಿ ಮುಂದೆ ನಿಂತವರು ಈಗ ಬಂದಿದ್ದಾರೆ. ನಮ್ಮ ಮದುವೆ ದಿನವೂ ಇಷ್ಟು ಹೊತ್ತು ತಲೆ ಬಾಚಿರಲಿಲ್ಲ."

"ಆಗ ತಲೆ ತುಂಬ ಕೂದಲಿತ್ತು ಕಣೇ, ಬಾಚೋದೇ ಬೇಕಿರಲಿಲ್ಲ. ಈಗ ಒಂದೊಂದನ್ನೂ ಕರೆದು ಜಾಗ ತೋರಿಸಬೇಕು."

ಮಗಳು ಕೊನೆಯಲ್ಲಿ ಬಂದು ಹಿಂದಿನ ಗೋಡೆಗೆ ಒರಗಿ ನಿಂತಳು. ಆ ಚಿತ್ರ ಇದರಲ್ಲಿಲ್ಲ ತಾನೆ ಎಂದು ಕಣ್ಣಿನಲ್ಲೇ ಕೇಳಿದಳು. ಅಕ್ಕ ಬಾಗಿ ಕೇಬಲ್ ಸರಿಮಾಡಿದಳು.

ಚಿತ್ರ ಶುರುವಾಯಿತು. ಗೋಡೆಯ ಮೇಲೆ ಕುಲುಮೆಯ ಬಾಯಿ ತೆರೆದುಕೊಂಡಾಗ ಮೇಸ್ತ್ರಿ ಮಗುವಿನ ಹಾಗೆ ಚಪ್ಪಾಳೆ ತಟ್ಟಿದರು. ಇಷ್ಟು ದೊಡ್ಡದಾಗಿ, ಇಷ್ಟು ದೂರದಿಂದ, ಎಲ್ಲವೂ ಸ್ಪಷ್ಟವಾಗಿ ಕಾಣುತ್ತಿದೆ ಎಂದರು. ಗೋಡೆಯನ್ನು ನೋಡುವುದು ಬಿಟ್ಟು ಅವಳು ಮುಖಗಳನ್ನು ನೋಡುತ್ತ ಕೂತಳು. ಹೆಂಡತಿ ಸೆರಗಿನಿಂದ ಬಾಯಿ ಮುಚ್ಚಿ ನಗುತ್ತಿದ್ದರು. ಮೇಸ್ತ್ರಿ ತಾವು ಆಡುವ ಮಾತನ್ನು ಗೋಡೆಯ ಮೇಲಿನ ಮೇಸ್ತ್ರಿಗಿಂತ ಮೊದಲೇ ತಾವೇ ಆಡುತ್ತಿದ್ದರು. ಅವಳ ಕಿಸೆಯಲ್ಲಿ ಫೋನ್ ಒಮ್ಮೆ ಅದುರಿತು. ಗಡಿಯಾರ. ಅವಳು ಅದನ್ನು ಅದುಮಿ ಸುಮ್ಮನಾಗಿಸಿದಳು.

ಗೋಡೆಯ ಮೇಲೆ ಮೇಸ್ತ್ರಿ ಬೆಂಚಿಗೆ ಬಂದು ಕೂತರು. ಇನ್ನೇನು ಬಂತು. ಅವಳು ತಮ್ಮನಿಗೆ ಮೊಣಕೈಯಿಂದ ತಿವಿದಳು.

ತಮ್ಮ ಎದ್ದ. ಕೆಮ್ಮಿದ. ಪ್ರೊಜೆಕ್ಟರಿನ ಬೆಳಕಿಗೆ ಅಡ್ಡ ಬಂದು ನಿಂತೇಬಿಟ್ಟ. ಗೋಡೆಯ ಮೇಲೆ ಅವನ ಕೆದರಿದ ತಲೆಯ ದೊಡ್ಡ ನೆರಳು. ಕತ್ತಲೊಳಗಿಂದ ಮೇಸ್ತ್ರಿಯ ದನಿ ಮಾತ್ರ ಕೇಳಿತು: "ನನ್ನ ಕೈಯಿಂದ ಓರೆ ಹೂಜಿ ಬಂದ ದಿನ ನಾನೇ ಈ ಕುಲುಮೆ ಆರಿಸ್ತೀನಿ. ಈ ಮನೇಲಿ ನನ್ನ ಬಿಟ್ರೆ ಇದು ಯಾರಿಗೂ ಬರಲ್ಲ. ನಾನೇ ಕೊನೆ."

"ಏ, ಕೂತ್ಕೊಳಪ್ಪ! ನೀನೇನು ಗಾಜಿನವನಾ, ನಿನ್ನೊಳಗಿಂದ ಕಾಣೋಕೆ?" ಎಂದು ಮೇಸ್ತ್ರಿ ಕೂಗಿದರು.

"ಕಾಲು ಜೋಮು ಹಿಡೀತು," ಎಂದು ತಮ್ಮ ತೊದಲಿದ. ಇನ್ನೂ ಸ್ವಲ್ಪ ನಿಂತು, ಆಮೇಲೆ ಪಕ್ಕಕ್ಕೆ ಸರಿದ. ಗೋಡೆಯ ಮೇಲೆ ಆಗಲೇ ಮುಂದಿನ ಶಾಟ್ ಬಂದಿತ್ತು, ಕಿಟಕಿಯಾಚೆಯ ಆಕಾಶ. ಗಂಡಾಂತರ ದಾಟಿತ್ತು.

"ಹಿಂದಕ್ಕೆ ಹಾಕು," ಎಂದರು ಮೇಸ್ತ್ರಿ.

"ಏನು?"

"ಸ್ವಲ್ಪ ಹಿಂದಕ್ಕೆ ಹಾಕು. ನನ್ನ ಮುಖ್ಯವಾದ ಮಾತೇ ಹೋಯ್ತು ಇವನ ತಲೆಯೊಳಗೆ. ಅದನ್ನ ನೋಡಬೇಕು ನಾನು."

"ಮುಗೀಲಿ, ಆಮೇಲೆ ತೋರಿಸ್ತೀನಿ," ಎಂದಳು ಅವಳು.

"ಆಮೇಲೆ ಯಾಕೆ? ಈಗಲೇ ಹಾಕಮ್ಮ. ಅಲ್ಲಿ ನಾನು ಹೇಗೆ ಕಂಡೆ ಅಂತ ನೋಡಬೇಡವಾ?"

ತಮ್ಮ ಅವಳ ಮುಖ ನೋಡಿದ. ಹಿಂದಿನ ಗೋಡೆಯ ಬಳಿ ಮಗಳು ಒರಗಿದ್ದವಳು ನೆಟ್ಟಗಾದಳು. ಬೇಡ ಎಂದು ಇನ್ನೊಮ್ಮೆ ಹೇಳಿದರೆ ಅದೇ ಅನುಮಾನಕ್ಕೆ ದಾರಿ. ಬಹುಶಃ ನೋಡಿದರೂ ತಿಳಿಯಲಿಕ್ಕಿಲ್ಲ, ಕೆಲವೇ ಕ್ಷಣದ ಶಾಟು, ಅಪ್ಪ ಮಗಳು ಇಬ್ಬರೂ ಬಿಸಿ ತಾಗದಂತೆ ತೋಳಿಗೆ ತೊಡುವುದು ಅದೇ ಮಸಿ ಬಟ್ಟೆಯ ಚೀಲ. ಅವಳು ತಲೆಯಾಡಿಸಿದಳು. ತಮ್ಮ ಹಿಂದಕ್ಕೆ ಹಾಕಿದ.

ಮೇಸ್ತ್ರಿ ಬೆಂಚಿಗೆ ಬಂದು ಕೂತರು. "ನನ್ನ ಕೈಯಿಂದ ಓರೆ ಹೂಜಿ ಬಂದ ದಿನ..." ಗೋಡೆಯ ತುಂಬ ಎರಡು ಕೈಗಳು. ಕೊಳವೆ ತಿರುಗುತ್ತಿತ್ತು, ತುದಿಯಲ್ಲಿ ಕೆಂಡದ ಬಣ್ಣದ ಗಾಜು ದುಂಡಗಾಗುತ್ತಿತ್ತು. ಬಲಗೈಯ ಕಿರುಬೆರಳು ಮಾತ್ರ ಮಡಚದೆ, ಕೊಳವೆಯನ್ನು ಮುಟ್ಟದೆ, ಬೇರೆಯಾಗಿ ನಿಂತಿತ್ತು. "ನಾನೇ ಕೊನೆ," ಎಂದಿತು ದನಿ.

ಮೇಸ್ತ್ರಿ ನಗಲಿಲ್ಲ. ತಮ್ಮ ಮಾತನ್ನು ತಾವು ಆಡಲೂ ಇಲ್ಲ.

"ನಿಲ್ಲಿಸು. ಇನ್ನೊಂದು ಸಲ."

ಇನ್ನೊಂದು ಸಲ ಕೈಗಳು ಬಂದವು. ಈ ಸಲ ಅವರೇ ಕೈಯೆತ್ತಿ ತಡೆದರು, ಗಾಬರಿಬಿದ್ದ ತಮ್ಮ ಗುಂಡಿ ಒತ್ತಿದ. ಕೈಗಳು ಗೋಡೆಯ ಮೇಲೆ ಹಾಗೇ ನಿಂತವು. ಮೇಸ್ತ್ರಿ ಎದ್ದು ಗೋಡೆಯ ಹತ್ತಿರ ಹೋದರು, ಮಸುಕಾಯಿತೋ ಏನೋ ಮತ್ತೆ ಹಿಂದಕ್ಕೆ ಬಂದರು. ಚಿಕ್ಕಂದಿನಲ್ಲಿ ಮಗಳು ಬಿಸಿ ಗಾಜು ಮುಟ್ಟಿ ಆ ಬೆರಳು ಸೆಟೆದುಕೊಂಡಾಗ ತಿಂಗಳುಗಟ್ಟಲೆ ಅದಕ್ಕೆ ಎಣ್ಣೆ ತಿಕ್ಕಿದವರು ಅವರೇ.

"ಇದು ಯಾವತ್ತಿನದು?" ಅವರು ಕೇಳಿದ್ದು ಮಗಳನ್ನಲ್ಲ, ಅಕ್ಕನನ್ನು.

ಕೊಳವೆ ಸುಮ್ಮನೆ ಒಮ್ಮೆ ಹಿಡಿದುಕೊಳ್ಳಲು ಹೇಳಿದ್ದೆ, ಬೆಳಕು ಚೆನ್ನಾಗಿತ್ತು ಎಂದು ಒಂದು ಸುಳ್ಳು ಅವಳ ನಾಲಿಗೆಯ ತುದಿಗೇ ಬಂದಿತ್ತು. ಒಳ್ಳೆಯ ಸುಳ್ಳು, ನಂಬಲೂಬಹುದು. ಆದರೆ ಗೋಡೆಯ ಮೇಲಿನ ಗಾಜು ದುಂಡಗಿತ್ತು. ಸುಮ್ಮನೆ ಹಿಡಿದುಕೊಂಡವರ ಕೊಳವೆಯ ತುದಿಯಲ್ಲಿ ಗಾಜು ಹಾಗೆ ನಿಲ್ಲುವುದಿಲ್ಲ. ಅದನ್ನು ಈ ಮನುಷ್ಯನಿಗೆ ಹೇಳಿಕೊಡಬೇಕೆ?

"ಚಿತ್ರ ತೆಗೆದಿದ್ದು ನನ್ನ ತಪ್ಪು," ಎಂದಳು. "ಯಾರಿಗೂ ತೋರಿಸಲ್ಲ ಅಂತ ಮಾತು ಕೊಟ್ಟಿದ್ದೆ."

"ಯಾರಿಗೆ ಮಾತು ಕೊಟ್ಟಿದ್ದೆ?"

"ನನಗೆ, ಅಪ್ಪ," ಎಂದಳು ಮಗಳು ಹಿಂದಿನಿಂದ.

ಮೇಸ್ತ್ರಿ ತಿರುಗಿ ನೋಡಲಿಲ್ಲ. ಚಪ್ಪಲಿ ಮೆಟ್ಟಿಕೊಂಡು ಪಕ್ಕದ ಬಾಗಿಲು ತೆರೆದು ಶೆಡ್ಡಿಗೆ ಹೋದರು. ಒಳಗಿನಿಂದ ಚಿಲಕ ಹಾಕಿಕೊಂಡರು.

ಮಗಳು ಬಾಗಿಲು ಬಡಿದಳು. "ಅಪ್ಪ! ಅಪ್ಪ, ತೆಗೀರಿ!" ಅವಳ ಅಮ್ಮ ಮಗಳ ಭುಜ ಹಿಡಿದು ಎಳೆದುಕೊಂಡರು. ಆಗ ಎಲ್ಲರಿಗೂ ಗಾಳಿಯಂತ್ರದ ಸದ್ದು ಕೇಳತೊಡಗಿತು. ಅಲ್ಲಿಯವರೆಗೆ ಯಾರ ಕಿವಿಗೂ ಬೀಳದಿದ್ದ ಆ ಗುಂಯ್ ಸದ್ದು ಈಗ ಕೋಣೆಯಲ್ಲಿ ಬೇರೆ ಏನಕ್ಕೂ ಜಾಗ ಬಿಡಲಿಲ್ಲ. ಅದು ನಿಂತಿತೆಂದರೆ ಮುಗಿಯಿತು. ನಾಲ್ವರೂ ಬಾಗಿಲನ್ನೇ ನೋಡುತ್ತ ನಿಂತರು. ಒಮ್ಮೆ ಸದ್ದು ಇಳಿದಂತಾಯಿತು. ಮಗಳು ಕಣ್ಣು ಮುಚ್ಚಿದಳು. ಮತ್ತೆ ಏರಿತು. ಒಳಗೆ ಏನೋ ಉರುಳಿತು, ಗಾಜಿನ ಚೂರುಗಳನ್ನು ಕೆದಕುವ ಸದ್ದು.

"ತೊಟ್ಟಿ ನೋಡ್ತಿದ್ದಾರೆ," ಎಂದಳು ಮಗಳು ಪಿಸುದನಿಯಲ್ಲಿ.

ಅಕ್ಕನ ಕಿಸೆಯಲ್ಲಿ ಫೋನ್ ಮತ್ತೆ ಅದುರಿ ಅದುರಿ ನಿಂತಿತು.

ಚಿಲಕ ಸರಿದಾಗ ಮೇಸ್ತ್ರಿಯ ಕೈಯಲ್ಲಿ ಒಡೆದ ಹೂಜಿಯ ಕತ್ತು ಇತ್ತು. ಹೆಬ್ಬೆರಳಿನಿಂದ ರಕ್ತ ತೊಟ್ಟಿಕ್ಕುತ್ತಿತ್ತು. ಹೂಜಿಯ ಕತ್ತು ಒಂದು ಪಕ್ಕಕ್ಕೆ ವಾಲಿತ್ತು. ಅವರು ಅದನ್ನು ತೋಳಿನಷ್ಟು ದೂರ ಹಿಡಿದು, ಬೆಳಕಿಗೆ ತಿರುಗಿಸಿ ತಿರುಗಿಸಿ ನೋಡಿದರು.

"ನನ್ನನ್ನ ಗೊಂಬೆ ಮಾಡಿ ಕೂರಿಸಿದ್ರಿ," ಎಂದರು.

"ಹೌದು, ಕೂರಿಸಿದ್ವಿ," ಎಂದರು ಹೆಂಡತಿ. "ಆರಿಸ್ತೀನಿ ಆರಿಸ್ತೀನಿ ಅಂತ ಉಸಿರಿಗೊಂದು ಸಲ ಹೆದರಿಸಿದ್ರೆ ಇನ್ನೇನು ಮಾಡಬೇಕಿತ್ತು? ಅವಳು ಕೈ ಸುಟ್ಕೊಂಡು ಕಲಿತಿದ್ದನ್ನ ನೀವು ಒಂದು ತಿರುಪು ತಿರುಗಿಸಿ ಮುಗಿಸಿಬಿಡೋದಾ?"

"ನಿನಗೂ ಗೊತ್ತಿತ್ತು."

"ನಾನೇ ತೊಟ್ಟಿ ಮುಚ್ಚಿಡ್ತಿದ್ದೆ."

ಮೇಸ್ತ್ರಿ ಕುರ್ಚಿಯ ಮೇಲೆ ಕೂತರು. ಗೋಡೆಯ ಮೇಲೆ ಕೈಗಳು ಇನ್ನೂ ಹಾಗೇ ನಿಂತಿದ್ದವು. ಅವನ್ನೇ ನೋಡಿದರು.

"ಗಾಳಿಯಂತ್ರದ ತಿರುಪಿನ ಮೇಲೆ ಕೈ ಇಟ್ಟೆ," ಎಂದರು. "ಆಡಿದ ಮೇಲೆ ಮಾಡಬೇಕಲ್ಲ. ಅರ್ಧ ತಿರುಗಿಸಿಯೂ ಬಿಟ್ಟೆ. ಆಮೇಲೆ ಅನ್ನಿಸ್ತು, ಅದೇ ಬಾಯಲ್ಲಿ ನಾನೇ ಕೊನೆ ಅಂತಲೂ ಅಂದಿದ್ದೆ. ಅದು ಸುಳ್ಳಾಗಿ ಗೋಡೆ ಮೇಲೆ ನಿಂತಿದೆ. ಒಂದು ಮಾತು ಸುಳ್ಳಾದ ಮೇಲೆ ಅದರ ಜೊತೆಯದನ್ನ ಮಾತ್ರ ಹಿಡ್ಕೊಂಡು ಕೂತು ಯಾರಿಗೆ ಏನು ತೋರಿಸಲಿ?" ಆಮೇಲೆ ಅವಳ ಕಡೆ ತಿರುಗಿದರು. "ನಾವು ತೆಗಿ ಅಂದದ್ದನ್ನ ತೆಗೀತೀನಿ ಅಂದಿದ್ದೆಯಲ್ಲ."

"ತೆಗೀತೀನಿ. ಆ ಕೈ ಶಾಟ್ ಇವತ್ತೇ..."

"ಕೈ ಇರಲಿ. ನನ್ನ ಮಾತು ತೆಗಿ."

ತಮ್ಮ ಅಕ್ಕನನ್ನು ನೋಡಿದ. 'ನಾನೇ ಕೊನೆ' ಎಂಬ ಆ ಮಾತಿನ ಮೇಲೇ ಚಿತ್ರ ನಿಂತಿತ್ತು. ಅದನ್ನು ತೆಗೆದರೆ ಹೆಸರು ಹೋಗುತ್ತದೆ, ಜಾಹೀರಾತು ಹೋಗುತ್ತದೆ, ಚಾನೆಲ್ ಕೊಟ್ಟ ಜಾಗ ಹೋಗುತ್ತದೆ. ಇನ್ನೆಲ್ಲೋ ಒಂದು ಬೆಟ್ಟ, ಇನ್ಯಾವುದೋ ಒಂದು ನದಿ ಎಂದು ಅವಳು ಲೆಕ್ಕ ಹಾಕಿಕೊಂಡಿದ್ದ ಮುಂದಿನ ಪ್ರಯಾಣಗಳೆಲ್ಲ ಅದರ ಹಿಂದೆಯೇ ಹೋಗುತ್ತವೆ. ಅವಳು ಫೋನ್ ತೆಗೆದುಕೊಂಡು ಅಂಗಳಕ್ಕೆ ನಡೆದಳು.

"ಏನ್ರೀ, ಫೋನ್ ಎತ್ತೋಕಾಗಲ್ವಾ? ಟೈಮ್ ಎಷ್ಟು ಗೊತ್ತಾ?" ಗಡಿಯಾರ ಶುರುಮಾಡಿದ. "ಹೂಂ ಅಂತ ಒಂದು ಮಾತು ಹೇಳಿ, ಮಿಕ್ಕಿದ್ದು ನಾನು ನೋಡ್ಕೊಳ್ತೀನಿ."

"ಊಹೂಂ ಸಾರ್. ಅವರು ಕೊನೆಯವರಲ್ಲ."

"ಅಂದ್ರೆ?"

"ಮಗಳಿದ್ದಾಳೆ. ಚಿತ್ರ ತಪ್ಪಾಗಿದೆ. ಮತ್ತೆ ಮಾಡಬೇಕು."

"ಜಾಹೀರಾತು ಓಡ್ತಿದೆ ಕಣಮ್ಮ. ಮಗಳು ಇದ್ರೆ ಇರಲಿ, ತೋರಿಸಬೇಡಿ ಅಷ್ಟೇ. ಯಾರು ಬಂದು ಕೇಳ್ತಾರೆ?"

"ಅವರು ಕೇಳಿದ್ರು ಸಾರ್."

"ಹಾಗಾದ್ರೆ ಆ ಜಾಗಕ್ಕೆ ಬೇರೆಯವರದ್ದು ಹಾಕ್ತೀನಿ. ಮುಂದಿನ ಚಿತ್ರ ಅಂತ ನನ್ನ ಬಾಗಿಲಿಗೆ ಬರಬೇಡಿ, ಹೇಳಿದೀನಿ."

"ಆಗಲಿ," ಎಂದಳು. ಅವಳ ದನಿ ಅವಳಿಗೇ ಚಿಕ್ಕದಾಗಿ ಕೇಳಿತು. ಫೋನ್ ಇಟ್ಟ ಮೇಲೆ ಅಂಗಳದ ಕಟ್ಟೆಯ ಮೇಲೆ ಕೂತುಬಿಟ್ಟಳು. ತಮ್ಮ ಬಂದು ಪಕ್ಕದಲ್ಲಿ ಕೂತ.

"ನಾನು ಬೆಂಕಿಯದೇ ಹಾಕಬೇಕಿತ್ತು," ಎಂದ.

"ಹೂಂ. ಎಲ್ಲರೂ ಹಾಕ್ತಾರೆ ಅದನ್ನ."

ಶೆಡ್ಡಿನ ಒಳಗಿನಿಂದ ಮೇಸ್ತ್ರಿಯ ಗರ್ಜನೆ ಕೇಳಿತು. "ತಿರುಗಿಸು, ತಿರುಗಿಸು! ನಿಲ್ಲಿಸಿದ್ರೆ ಜೋತು ಬೀಳುತ್ತೆ ಅಂತ ಎಷ್ಟು ಸಲ ಹೇಳಬೇಕು?"

"ಒಂದು ಸಲವೂ ಹೇಳಿಲ್ಲ ಅಪ್ಪ. ನನಗೆ ಬರುತ್ತೆ ಅಂತಲೇ ನಿಮಗೆ ಗೊತ್ತಿರಲಿಲ್ಲ!"

"ಎದುರು ಮಾತಾಡಬೇಡ. ಊದು."

ಹೆಂಡತಿ ಬಟ್ಟೆಯ ಚೂರು ಹಿಡಿದುಕೊಂಡು, ಗಂಡನ ಹೆಬ್ಬೆರಳಿಗೆ ಕಟ್ಟಲು ಆ ಕಡೆ ಓಡುತ್ತಿದ್ದರು. "ಇನ್ನು ದಿನಾ ಇದೇ ರಾಮಾಯಣ ನನಗೆ," ಎಂದು ಹೇಳುತ್ತಲೇ ಕಣ್ಣು ಒರೆಸಿಕೊಂಡರು.

ಅಕ್ಕ ಎದ್ದು ಕಾರಿನಿಂದ ಕ್ಯಾಮೆರಾ ತಂದಳು. ಶೆಡ್ಡಿನ ಬಾಗಿಲಲ್ಲಿ ನಿಂತಳು. ಕುಲುಮೆಯ ಬಾಯಿ ಕೆಂಪಗೆ ತೆರೆದಿತ್ತು. ಮೇಸ್ತ್ರಿ ದೂರದ ಗೋಡೆಗೆ ಕುರ್ಚಿ ಹಾಕಿಕೊಂಡು, ಕಣ್ಣು ಕಿರಿದು ಮಾಡಿ ಕೂತಿದ್ದರು. ಮಗಳ ಬಾಯಿಗೆ ಕೊಳವೆ ಆಗಲೇ ಸೇರಿತ್ತು, ಕೆನ್ನೆ ಉಬ್ಬಿತ್ತು. ಅಪ್ಪನ ಕಣ್ಣೆದುರು ಅವಳು ಊದುತ್ತಿದ್ದದ್ದು ಇದೇ ಮೊದಲು. ಕೊಳವೆಯ ತುದಿಯ ಗಾಜು ಸಣ್ಣಗೆ ನಡುಗುತ್ತಿತ್ತು.

ಮಗಳು ಅವಳನ್ನು ನೋಡಿದಳು. ಅಕ್ಕ ಕ್ಯಾಮೆರಾ ಸ್ವಲ್ಪ ಎತ್ತಿ, ತೆಗೆಯಲೇ ಎಂದು ಹುಬ್ಬಿನಲ್ಲೇ ಕೇಳಿದಳು. ಬಾಯಿ ತುಂಬ ಉಸಿರು ಹಿಡಿದವಳು ಹೂಂ ಅನ್ನುವಂತಿರಲಿಲ್ಲ, ಊಹೂಂ ಅನ್ನುವಂತೆಯೂ ಇರಲಿಲ್ಲ. ಅಕ್ಕ ಗುಂಡಿ ಒತ್ತದೆ, ಆ ಉಸಿರು ಮುಗಿಯುವುದನ್ನೇ ಕಾಯುತ್ತ ಹೊಸಿಲ ಈಚೆ ನಿಂತಳು.